ಡಿಕ್ರಿ ಕೈಯಲ್ಲಿದೆ, ಸಾಲಗಾರ ‘ದುಡ್ಡಿಲ್ಲ’ ಅನ್ನುತ್ತಾನೆ: ವಸೂಲಿ ಹೇಗೆ?

ದಾವೆ ಗೆದ್ದವರು ನನ್ನ ಎದುರು ಕೂತು ಮೊದಲು ಕೇಳುವುದು ಒಂದೇ: “ಸಾರ್, ಅವನನ್ನ ಯಾವಾಗ ಅರೆಸ್ಟ್ ಮಾಡಿಸ್ತೀರಾ?” ಎಡವುವುದು ಇಲ್ಲೇ. ವಾರಂಟ್ ಕೇಳಿ ಅರ್ಜಿ ಹಾಕುತ್ತಾರೆ. ಸಾಲಗಾರ ಬಂದು “ನನ್ನ ಹತ್ರ ಏನೂ ಇಲ್ಲ ಸ್ವಾಮಿ” ಅಂತ ಕೈ ಮುಗಿಯುತ್ತಾನೆ. ಅದು ಸುಳ್ಳು ಅಂತ ತೋರಿಸಲು ಇವರ ಹತ್ತಿರ ಒಂದು ಚೀಟಿಯೂ ಇರುವುದಿಲ್ಲ. ಅರ್ಜಿ ವಜಾ. ವರ್ಷಗಟ್ಟಲೆ ಅಲೆದು ಗೆದ್ದವರು ಹೀಗೆ ಸೋತು ಮನೆಗೆ ಹೋಗುವುದನ್ನು ನೋಡಲು ಸಂಕಟವಾಗುತ್ತದೆ.

ಮೊದಲ ಹೆಜ್ಜೆ ಸುಲಭ. ಡಿಕ್ರಿಯ, ಅಂದರೆ ಹಣ ಕೊಡಬೇಕು ಅಂತ ಕೋರ್ಟು ಕೊಟ್ಟ ಆದೇಶದ, ದೃಢೀಕೃತ ಪ್ರತಿ ತೆಗೆದುಕೊಂಡು, ಡಿಕ್ರಿ ಕೊಟ್ಟ ಕೋರ್ಟಿನಲ್ಲೇ ಅಮಲ್ಜಾರಿ ಅರ್ಜಿ (ಡಿಕ್ರಿಯನ್ನು ಜಾರಿ ಮಾಡಿಸಿ ಅಂತ ಕೇಳುವ ಅರ್ಜಿ) ಹಾಕಿ. ಅವಧಿ 12 ವರ್ಷ. ಆದರೆ 2 ವರ್ಷ ದಾಟಿದರೆ ಮೊದಲು ನೋಟಿಸ್ ಆಗಬೇಕು, ಸುಮ್ನೆ ತಡ. ಆಸ್ತಿ ಬೇರೆ ಜಿಲ್ಲೆಯಲ್ಲಿದ್ದರೆ ಡಿಕ್ರಿಯನ್ನು ಅಲ್ಲಿಗೆ ವರ್ಗ ಮಾಡಿಸಿ. ರೆಡಿಮೇಡ್ ಫಾರಂ ಮಾತ್ರ ತುಂಬಬೇಡಿ. ಬಡ್ಡಿ ಲೆಕ್ಕ, ಈಗಾಗಲೇ ಬಂದ ಹಣ ಬರೆಯಲು ಅದರಲ್ಲಿ ಜಾಗವೇ ಸಾಲುವುದಿಲ್ಲ. ಅರ್ಜಿ ಆಫೀಸ್ ಆಕ್ಷೇಪಣೆಯಲ್ಲೇ ಕೂರುತ್ತದೆ.

ಎರಡನೆಯದೇ ಜೀವಾಳ: ‘ಇಲ್ಲ’ ಅನ್ನುವ ಮಾತನ್ನು ಕಾಗದಕ್ಕೆ ಇಳಿಸುವುದು. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 21, ನಿಯಮ 41 ಇದಕ್ಕಾಗಿಯೇ ಇದೆ. ಡಿಕ್ರಿ ಹಣ 30 ದಿನ ಬಾಕಿ ಉಳಿದಿದ್ದರೆ, ಆಸ್ತಿಪಾಸ್ತಿಯ ವಿವರವನ್ನು ಅಫಿಡವಿಟ್‌ನಲ್ಲಿ ಕೊಡುವಂತೆ ಸಾಲಗಾರನಿಗೆ ಆದೇಶಿಸಿ ಅಂತ ನೀವು ಕೇಳಬಹುದು. ನಮೂನೆ 16ಎ. ಆದೇಶವಾದ ಮೇಲೂ ಕೊಡದಿದ್ದರೆ 3 ತಿಂಗಳವರೆಗೆ ಸಿವಿಲ್ ಜೈಲು. ಇದನ್ನು ಬಿಟ್ಟು ನೇರ ವಾರಂಟಿಗೆ ಹೋಗಲೇಬೇಡಿ.

ಅಫಿಡವಿಟ್ ಬಂತು, ‘ಆಸ್ತಿ: ಇಲ್ಲ’ ಅಂತಿದೆ ಅಂದುಕೊಳ್ಳಿ. ಈಗ ಅವನನ್ನು ಕಟಕಟೆಗೆ ಕರೆಸಿ ಪ್ರಶ್ನೆ ಕೇಳಿ. ಮನೆ ಬಾಡಿಗೆ ಎಷ್ಟು, ಕೊಡುವವರು ಯಾರು? ಓಡಿಸುವ ಕಾರು ಯಾರ ಹೆಸರಿನಲ್ಲಿದೆ, ಕಂತು ಯಾವ ಖಾತೆಯಿಂದ ಹೋಗುತ್ತದೆ? ಸೊಸೈಟಿಯಲ್ಲಿ ಸಾಲ ತೆಗೆಯುವಾಗ ಆದಾಯ ಎಷ್ಟು ಅಂತ ಬರೆದಿದ್ದ? ಆ ಸಾಲದ ಅರ್ಜಿಯನ್ನು ಕೋರ್ಟಿನ ಮೂಲಕ ತರಿಸಿ. ಕೋರ್ಟಿನಲ್ಲಿ ಬಡವನಾದವನು ಸಾಲ ಕೇಳುವಾಗ ಹಾಗೆ ಬರೆದಿರುವುದಿಲ್ಲ, ಅಲ್ವಾ? ಜಮೀನಿನ ಪಹಣಿ, ಸೈಟಿನ ಇ.ಸಿ. (ಋಣಭಾರ ಪ್ರಮಾಣಪತ್ರ) ನೀವೇ ತೆಗೆಸಿ. ದಾವೆ ಹಾಕಿದ ಮೇಲೆ ಹೆಂಡತಿಗೆ ದಾನಪತ್ರ ಮಾಡಿದ್ದು ಕಂಡರೆ ಆ ತಾರೀಖಿಗೆ ಗೆರೆ ಎಳೆದು ಇಟ್ಟುಕೊಳ್ಳಿ.

ಬ್ಯಾಂಕ್ ಸ್ಟೇಟ್‌ಮೆಂಟ್ ಡಿಕ್ರಿಯ ದಿನದಿಂದಲೇ ಬೇಕು. ಕಾರಣ ಅದೇ ಸಂಹಿತೆಯ ಕಲಂ 51. ಇವತ್ತು ಜೇಬು ಖಾಲಿಯಿದ್ದರೂ, ಡಿಕ್ರಿಯಾದ ಮೇಲೆ ಯಾವಾಗಲಾದರೂ ಕೊಡುವ ಶಕ್ತಿಯಿದ್ದು ಕೊಡದೇ ಹೋಗಿದ್ದರೆ ಜೈಲಿಗೆ ದಾರಿಯಿದೆ. ದಾವೆಯ ನಂತರ ಮೋಸದಿಂದ ಆಸ್ತಿ ದಾಟಿಸಿದ್ದರೂ ಅಷ್ಟೇ. ಇದನ್ನು ರುಜುವಾತು ಮಾಡುವ ಹೊರೆ ನಿಮ್ಮದು. 1980ರ ಜಾಲಿ ಜಾರ್ಜ್ ವರ್ಗೀಸ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟವಾಗಿ ಹೇಳಿದೆ: ಬರೀ ಕೊಡಲಾಗದ ಬಡತನಕ್ಕೆ ಜೈಲಿಲ್ಲ, ಕೆಟ್ಟ ಉದ್ದೇಶ ಇರಬೇಕು. ಅದು ನ್ಯಾಯವೇ. ನಿಜವಾಗಿ ಇಲ್ಲದವನ ಹಿಂದೆ ಬಿದ್ದರೆ ನಿಮಗೂ ಏನೂ ಸಿಗುವುದಿಲ್ಲ.

ಸಿಕ್ಕಿದ್ದನ್ನು ತಕ್ಷಣ ಜಪ್ತಿಗೆ ಹಾಕಿ. ನನಗೆ ಇಷ್ಟದ್ದು ಮೂರನೆಯವರ ಕೈಯಲ್ಲಿರುವ ಹಣ: ಬ್ಯಾಂಕ್ ಖಾತೆ, ಅಡಿಕೆ ಮಂಡಿಯವರು ಅವನಿಗೆ ಕೊಡಬೇಕಾದ ಬಾಕಿ. ಆದೇಶ 21ರ ನಿಯಮ 46ಎ ಪ್ರಕಾರ ಅವರಿಗೇ ನೋಟಿಸ್ ಹೋಗುತ್ತದೆ, ಅವರು ಕೋರ್ಟಿಗೆ ಕಟ್ಟುತ್ತಾರೆ. ಮನೆ ಸಾಮಾನು ಜಪ್ತಿಗೆ ಅಮೀನರನ್ನು (ಕೋರ್ಟಿನ ಜಪ್ತಿ ಸಿಬ್ಬಂದಿ) ಕರೆದುಕೊಂಡು ಹೋಗುವುದು ಬರೀ ಬೀದಿ ಜಗಳ, ಹುಟ್ಟುವುದು ಕಡಿಮೆ. ಸಂಬಳದಲ್ಲಿ ಮೊದಲ 1,000 ರೂಪಾಯಿ ಬಿಟ್ಟು, ಉಳಿದದ್ದರ ಮೂರನೇ ಒಂದು ಭಾಗ ಮಾತ್ರ ಸಿಗುತ್ತದೆ. 31,000 ಸಂಬಳವಿದ್ದರೆ 10,000. ಒಂದು ಡಿಕ್ರಿಗೆ ಒಟ್ಟು 24 ತಿಂಗಳು. ಪಿಂಚಣಿ, ಗ್ರಾಚುಟಿ, ರೈತನ ಉಳುವ ಎತ್ತು, ಅವನು ವಾಸವಿರುವ ಮನೆ ಮುಟ್ಟುವಂತಿಲ್ಲ.

ಅರೆಸ್ಟ್ ಕೊನೆಗೆ. ಹಣದ ಡಿಕ್ರಿಗೆ ಹೆಂಗಸರನ್ನು ಬಂಧಿಸುವಂತಿಲ್ಲ. ಜೈಲಿನಲ್ಲಿರುವಷ್ಟು ದಿನ ಅವನ ಊಟದ ಭತ್ಯೆ ಕಟ್ಟಬೇಕಾದವರು ನೀವು. ಹೆಚ್ಚೆಂದರೆ 3 ತಿಂಗಳು. ಹೊರಗೆ ಬಂದರೂ ಸಾಲ ತೀರುವುದಿಲ್ಲ, ಆದರೆ ಅದೇ ಡಿಕ್ರಿಗೆ ಮತ್ತೆ ಬಂಧಿಸಲು ಆಗುವುದಿಲ್ಲ. ‘ರಿಕವರಿ ಮಾಡಿಕೊಡ್ತೀವಿ’ ಅನ್ನುವ ಹುಡುಗರನ್ನು ಕಳಿಸಿದರೆ ಆರೋಪಿ ಸ್ಥಾನದಲ್ಲಿ ನೀವೇ ನಿಲ್ಲುತ್ತೀರಿ.

ವಾಯಿದೆ ಮೇಲೆ ವಾಯಿದೆ ಬಿದ್ದರೆ, ಅಮಲ್ಜಾರಿ 6 ತಿಂಗಳಲ್ಲಿ ಮುಗಿಯಬೇಕು ಅಂತ 2021ರಲ್ಲಿ ಸುಪ್ರೀಂ ಕೋರ್ಟು ಹೇಳಿದ್ದನ್ನು ನಿಮ್ಮ ವಕೀಲರು ಎತ್ತಲಿ. ಅದು ನಮ್ಮ ಕರ್ನಾಟಕ ಹೈಕೋರ್ಟಿನಿಂದಲೇ ಹೋದ ರಾಹುಲ್ ಶಾ ಮೊಕದ್ದಮೆ.

ಇಷ್ಟಾದ ಮೇಲೆ ಬಹಳ ಜನ ಕಂತಿಗೆ ಬರುತ್ತಾರೆ. ಒಪ್ಪಿಕೊಳ್ಳಿ, ಆದರೆ ಕೋರ್ಟಿನಲ್ಲಿ ಬರೆಸಿ: ಒಂದು ಕಂತು ತಪ್ಪಿದರೆ ಪೂರ್ತಿ ಹಣ. ಹೊರಗೆ ತೆಗೆದುಕೊಂಡ ಹಣವನ್ನೂ ಆದೇಶ 21ರ ನಿಯಮ 2ರ ಪ್ರಕಾರ ಕೋರ್ಟಿಗೆ ತಿಳಿಸಿ ದಾಖಲು ಮಾಡಿಸಿ. ಕೊನೆಯ ಕಂತು ಬಂದ ದಿನ ಪೂರ್ಣ ಪಾವತಿಯ ಮೆಮೊ ಸಲ್ಲಿಸಿ.