ಆದೇಶ ಹೊರಡಿಸುವ ಅಧಿಕಾರವಿಲ್ಲದೆ ಕಚೇರಿಯಲ್ಲಿ ಒಂದು ಬದಲಾವಣೆ ತರಲು

ಕೇರಳದ ಕಾಸರಗೋಡು ಕಡೆಯ ಒಂದು ಪಂಚಾಯತು ಕಚೇರಿಯಲ್ಲಿ ನಾನು ಕ್ಲಾರ್ಕ್. ನನ್ನ ಸಹಿಯಿಂದ ಯಾವ ಆದೇಶವೂ ಹೊರಡುವುದಿಲ್ಲ. ಆದರೂ ನಮ್ಮ ಕೌಂಟರಿನ ಪಕ್ಕ ಈಗ ಕನ್ನಡದಲ್ಲಿ ತುಂಬಿದ ಮಾದರಿ ಅರ್ಜಿ ತೂಗುತ್ತಿದೆ.

ಭಾಷೆಯ ಕಾಯ್ದೆಯಿಂದ ಶುರು ಮಾಡಬೇಡಿ. ಸೇರಿದ ಎರಡನೇ ತಿಂಗಳಲ್ಲೇ ನಾನು ಸ್ಟಾಫ್ ಮೀಟಿಂಗಿನಲ್ಲಿ ಎದ್ದು ಭಾಷಾ ಅಲ್ಪಸಂಖ್ಯಾತರ ಹಕ್ಕಿನ ಮಾತೆತ್ತಿದೆ. ಮಾತು ಸರಿಯೇ. ಆದರೆ ಕಣ್ಣೂರು, ಕೋಝಿಕ್ಕೋಡಿನಿಂದ ವರ್ಗವಾಗಿ ಬಂದ ಮಲಯಾಳ ಮಾತಿನವರಿಗೆ ಅದು ತಮ್ಮ ಮೇಲಿನ ದೂರಿನಂತೆ ಕೇಳಿಸಿತು. ಆರು ತಿಂಗಳು ಆ ಮಾತು ಅಲ್ಲಿಗೇ ನಿಂತಿತು.

ತೊಂದರೆ ದಿನವೂ ಯಾರ ತಲೆಮೇಲೆ ಬೀಳುತ್ತಿದೆ ಎಂದು ಮೊದಲು ನೋಡಿ. ನಮ್ಮಲ್ಲಿ ಅದು ಫ್ರಂಟ್ ಆಫೀಸಿನ ಚೇಚಿ, ಅಂದರೆ ಮಲಯಾಳದಲ್ಲಿ ಅಕ್ಕ. ಒಮ್ಮೆ ವಿಧವಾ ಪಿಂಚಣಿಗೆ ಬಂದ ಅಜ್ಜಿಗೆ ಅವರು ಕಾಗದದ ಮೇಲೆ ಬೆರಳಿಟ್ಟು "ಇವಿಡೆ ಒಪ್ಪ್" ಎಂದರು. ಮಲಯಾಳದಲ್ಲಿ ಇವಿಡೆ ಎಂದರೆ ಇಲ್ಲಿ, ಒಪ್ಪ್ ಎಂದರೆ ಸಹಿ. ಅಜ್ಜಿ "ಒಪ್ಪಿಗೆ ಮಗಾ, ಒಪ್ಪಿಗೆ" ಎಂದು ತಲೆಯಾಡಿಸುತ್ತ ಪೆನ್ನು ಹಿಡಿದು ಹಾಗೇ ನಿಂತರು. ಹಿಂದೆ ಸಾಲು ಬೆಳೆಯಿತು. ಚೇಚಿ ಎರಡೂ ಕೈಯಲ್ಲಿ ತಲೆ ಹಿಡಿದುಕೊಂಡರು. ನಾನು ಎದ್ದು ಹೋಗಿ ಅಜ್ಜಿಗೆ ಜಾಗ ತೋರಿಸಿದೆ.

ಆಮೇಲೆ ಕನ್ನಡದವರು ಬಂದಾಗಲೆಲ್ಲ ಎದ್ದು ಹೋಗುತ್ತಿದ್ದೆ. ನನ್ನ ಮಲಯಾಳ ಟಿಪ್ಪಣಿಗಳನ್ನು ಚೇಚಿಯಿಂದ ತಿದ್ದಿಸಿಕೊಂಡೆ. ಬರೇ ಉಪಕಾರ ಮಾಡಿದರೆ ಸಾಲದು, ನಾವೂ ಕೇಳಿ ಪಡೆಯಬೇಕು. ಆಗಲೇ ಸಲುಗೆ ಬರುವುದು. ಮಧ್ಯಾಹ್ನ ಒಟ್ಟಿಗೇ ಊಟಕ್ಕೆ ಕೂರುವಂತಾಯಿತು.

ಒಂದು ವಾರ, ತಪ್ಪು ತುಂಬಿ ವಾಪಸು ಹೋದ ಪ್ರತಿ ಅರ್ಜಿಗೂ ಇಬ್ಬರೂ ಡೈರಿಯಲ್ಲಿ ಒಂದು ಗೀಟು ಹಾಕಿದೆವು. ಸೆಕ್ರೆಟರಿಗೆ ಅದನ್ನು ತೋರಿಸಿದ್ದು ಚೇಚಿ. ಚೇಚಿ ಹೇಳಿದ್ದು ಕ್ಯೂ ಕಡಿಮೆಯಾಗುವ ವಿಷಯ ಮಾತ್ರ.

ಕೇಳುವುದು ಚಿಕ್ಕದಿರಲಿ, ಕೈಯಲ್ಲಿ ಸಿದ್ಧವಿರಲಿ. ಹೊಸ ಫಾರಂ ಕೇಳಲಿಲ್ಲ. ಒಂದು ಮಾದರಿ ಹಾಳೆ, ಅಷ್ಟೇ. ಬರೆದದ್ದನ್ನು ಹೆಡ್ ಕ್ಲಾರ್ಕ್‌ಗೆ ಮೊದಲೇ ತೋರಿಸಿದೆ. ವರಮಾನದ ಕಾಲಂನಲ್ಲಿ ಅವರು ಒಂದು ತಪ್ಪು ಹಿಡಿದರು. ತಿದ್ದಿದ ಮೇಲೆ ಆ ಹಾಳೆ ಅವರದೂ ಆಯಿತು.

ಸೆಕ್ರೆಟರಿ ಹಿಂಜರಿದದ್ದು ಕೊನೆಗೆ, ಯಾರಾದರೂ ಆಕ್ಷೇಪ ಎತ್ತಿದರೆ ಎಂದು. ಕಾಯ್ದೆಯನ್ನು ಹೊರತೆಗೆದದ್ದು ಆಗ. 1969ರ ಕೇರಳ ಅಧಿಕೃತ ಭಾಷೆಗಳ ಕಾಯ್ದೆ ಕನ್ನಡ, ತಮಿಳು ಅಲ್ಪಸಂಖ್ಯಾತರಿಗೆ ಸರಕಾರದೊಡನೆ ತಮ್ಮ ಭಾಷೆಯಲ್ಲೇ ವ್ಯವಹರಿಸಲು ಅವಕಾಶ ಕೊಟ್ಟಿದೆ. ಮೀಟಿಂಗಿನಲ್ಲಿ ಜಗಳದಂತೆ ಕೇಳಿಸಿದ ಅದೇ ಮಾತು ಈಗ ಸೆಕ್ರೆಟರಿಗೆ ಆಸರೆಯಾಯಿತು.

ಒಪ್ಪಿದ್ದನ್ನು ಅಂದೇ ಫೈಲಿಗೆ ಸೇರಿಸಿ. ಅಧಿಕಾರಿಗಳು ವರ್ಗವಾಗುತ್ತಾರೆ. ಜೂನ್‌ನಲ್ಲಿ ಚೇಚಿಯೂ ಹೋದರು. ಹೊಸಬರಿಗೆ ಕೌಂಟರು ವಹಿಸಿಕೊಡುವಾಗ ಅವರು ಮೊದಲು ತೋರಿಸಿದ್ದು ಆ ಹಾಳೆಯನ್ನೇ. ಈಗ ನಾನು ಹೊಸಬರೊಡನೆ ಊಟಕ್ಕೆ ಕೂರುತ್ತೇನೆ. ಜನನ ನೋಂದಣಿ ಅರ್ಜಿಯ ಮಾದರಿ ಇನ್ನೂ ಬಾಕಿ ಇದೆ.