ತೊಟ್ಟಿ ಮನೆಯನ್ನು ನೋಡದೇ ಬಿಡಿಸೋದು

ನೋಡದೇ ಬಿಡಿಸುವವರ ತಲೆಯೊಳಗೆ ಪೂರ್ತಿ ಚಿತ್ರ ಮೊದಲೇ ಇರುತ್ತದೆ ಅಂತ ಜನ ಅಂದುಕೊಳ್ಳುತ್ತಾರೆ. ನನ್ನ ತಲೆಯಲ್ಲಂತೂ ಇರಲ್ಲ. ಅಲ್ಲಿ ಇರೋದು ಮನೆಯ ನಕ್ಷೆ ಮತ್ತು ನಾಲ್ಕೈದು ಅಳತೆ, ಅಷ್ಟೇ. ಚಿತ್ರ ಹುಟ್ಟೋದು ಹಾಳೆಯ ಮೇಲೆಯೇ.

ಪರ್ಸ್ಪೆಕ್ಟಿವ್ ಅಂದರೆ ಹತ್ತಿರ-ದೂರ ಕಣ್ಣಿಗೆ ಕಾಣುವ ಹಾಗೇ ಹಾಳೆಯ ಮೇಲೆ ತರುವ ವಿಧಾನ. ಅದರ ಮೊದಲ ಪಾಠ ಎಲ್ಲರಿಗೂ ಗೊತ್ತಿರುತ್ತದೆ. ನಮ್ಮಿಂದ ದೂರ ಹೋಗುವ ಸಮಾನಾಂತರ ಗೆರೆಗಳು ಒಂದು ವ್ಯಾನಿಶಿಂಗ್ ಪಾಯಿಂಟ್‌ನಲ್ಲಿ ಸೇರುತ್ತವೆ. ನೆಲದ ಗೆರೆಗಳಾದರೆ ಆ ಬಿಂದು ಕಣ್ಣಿನ ಮಟ್ಟದ ಗೆರೆಯ ಮೇಲಿರುತ್ತದೆ. ರೈಲು ಹಳಿಗೆ ಇಷ್ಟು ಸಾಕು. ಮಲೆನಾಡಿನ ತೊಟ್ಟಿ ಮನೆಗೆ ಸಾಲದು. ನಡುವೆ ತಗ್ಗಿನ ತೊಟ್ಟಿ, ಸುತ್ತ ಜಗಲಿ, ಕಂಬಗಳು, ನಾಲ್ಕೂ ಕಡೆಯಿಂದ ಒಳಕ್ಕೆ ಇಳಿಯುವ ಹೆಂಚಿನ ಮಾಡು. ನಾನು ಬೇಕಂತಲೇ ಇದನ್ನು ಆರಿಸಿಕೊಂಡೆ. ಇದೊಂದು ಬಂದರೆ ಮಿಕ್ಕ ಮನೆಗಳೆಲ್ಲ ಸುಲಭ.

ಮೊದಲು ತೀರ್ಮಾನಿಸೋದು ನಾನು ಎಲ್ಲಿ ನಿಂತಿದ್ದೇನೆ ಅನ್ನೋದು. ಈಚೆ ಬದಿಯ ಜಗಲಿಯ ಮೇಲೆ ನಿಂತು ಆಚೆ ಬದಿ ನೋಡುತ್ತಿದ್ದೇನೆ, ನನ್ನ ಕಣ್ಣು ಜಗಲಿಯಿಂದ 5 ಅಡಿ ಮೇಲಿದೆ ಅಂತಿಟ್ಟುಕೊಳ್ಳಿ. ಹಾಳೆಗೆ ಅಡ್ಡಲಾಗಿ ಕಣ್ಣಿನ ಮಟ್ಟದ ಗೆರೆ, ಅದರ ಮಧ್ಯೆ ವ್ಯಾನಿಶಿಂಗ್ ಪಾಯಿಂಟ್. ಹಾಳೆಯ ಕೆಳ ಅಂಚಿನಿಂದ ಆ ಗೆರೆಗೆ ಇರುವ ಎತ್ತರವೇ 5 ಅಡಿ. ಅದೇ ಅಳತೆಯಲ್ಲಿ ಕೆಳ ಅಂಚನ್ನು ಅಡಿ ಲೆಕ್ಕದಲ್ಲಿ ಸಮ ಭಾಗ ಮಾಡಿ, ಎಲ್ಲ ಗುರುತುಗಳಿಂದಲೂ ವ್ಯಾನಿಶಿಂಗ್ ಪಾಯಿಂಟ್‌ಗೆ ಗೆರೆ ಎಳೆಯುತ್ತೇನೆ.

ಇನ್ನು ಅಡ್ಡ ಗೆರೆಗಳು ಎಲ್ಲೆಲ್ಲಿ ಬರಬೇಕು? ಇಲ್ಲೇ ಜಾಸ್ತಿ ಜನ ಅಂದಾಜಿಗೆ ಬೀಳೋದು. ಕಣ್ಣಿನ ಮಟ್ಟದ ಗೆರೆಯನ್ನೇ ಪಕ್ಕಕ್ಕೆ ಉದ್ದ ಮಾಡಿ ಇನ್ನೊಂದು ಬಿಂದು ಇಡಬೇಕು. ಹಾಳೆಯ ಎದುರು ಬದಿಯ ಕೆಳಗಿನ ಮೂಲೆಯಿಂದ ಅಲ್ಲಿಗೆ ಒಂದೇ ಒಂದು ಓರೆ ಗೆರೆ. ಅದು ಮೊದಲಿನ ಗೆರೆಗಳನ್ನು ಕತ್ತರಿಸುವ ಕಡೆಯಲ್ಲೆಲ್ಲ ಅಡ್ಡ ಗೆರೆ ಹಾಕಿ. ನೆಲಕ್ಕೆ ಸರಿಯಾದ ಚೌಕಗಳು ಬಂದವು, ಯಾಕೆಂದರೆ ಆ ಓರೆ ಗೆರೆ ಚೌಕಗಳ ಕರ್ಣ. 1435ರಲ್ಲಿ ಇಟಲಿಯ ವಾಸ್ತುಶಿಲ್ಪಿ ಆಲ್ಬರ್ಟಿ ನೆಲದ ಚೌಕ ಹಾಕುವ ವಿಧಾನ ಬರೆದಿಟ್ಟಾಗ, ದೂರಗಳನ್ನು ಬೇರೊಂದು ರೀತಿ ಕಂಡುಕೊಂಡು, ಸರಿ ಬಂತಾ ಅಂತ ನೋಡಲು ಈ ಕರ್ಣವನ್ನು ಬಳಸಿದ. ನಾನು ಕರ್ಣದಿಂದಲೇ ಶುರು ಮಾಡುತ್ತೇನೆ. ಬೇಗ ಆಗುತ್ತದೆ.

ಆ ಬಿಂದು ಎಷ್ಟು ದೂರ ಇರಬೇಕು ಅನ್ನೋದು ಸುಮ್ನೆ ಇಟ್ಟ ಲೆಕ್ಕ ಅಲ್ಲ. ವ್ಯಾನಿಶಿಂಗ್ ಪಾಯಿಂಟ್‌ನಿಂದ ಅದಕ್ಕಿರುವ ದೂರ ಅಂದರೆ ಹಾಳೆಯಿಂದ ನೋಡುವವರ ಕಣ್ಣಿಗಿರುವ ದೂರ. ಅದನ್ನು ಹಾಳೆಯೊಳಗೇ ಇಟ್ಟರೆ ಅಂಚಿನ ಚೌಕಗಳು ಎಳೆದ ಹಾಗೆ ವಿಕಾರವಾಗುತ್ತವೆ. ಎ4 ಹಾಳೆ ಅಡ್ಡ ಇಟ್ಟಾಗ ನಾನು 30 ಸೆಂ.ಮೀ. ಬಿಡುತ್ತೇನೆ. ಬಿಂದು ಹಾಳೆಯಿಂದ ಸುಮಾರು 15 ಸೆಂ.ಮೀ. ಆಚೆ ಹೋಗುತ್ತದೆ. ಪಕ್ಕಕ್ಕೆ ಇನ್ನೊಂದು ಹಾಳೆ ಅಂಟಿಸಿದರೆ ಮುಗಿಯಿತು.

ನೆಲ ಸಿಕ್ಕಿದ ಮೇಲೆ ಅದರ ಮೇಲೆ ನಕ್ಷೆ. ತೊಟ್ಟಿ ಇಷ್ಟು ಚೌಕ, ಜಗಲಿ ಇಷ್ಟು ಚೌಕ, ಕಂಬಗಳು ಇಲ್ಲಿಲ್ಲಿ. ಎತ್ತರಕ್ಕೆ ನನಗೆ ತುಂಬಾ ಇಷ್ಟವಾದ ಉಪಾಯ ಒಂದಿದೆ. ಜಗಲಿಯ ಮಟ್ಟದ ನೆಲದ ಯಾವ ಜಾಗದಿಂದಲೇ ಆಗಲಿ, ನೇರ ಮೇಲಕ್ಕೆ ಕಣ್ಣಿನ ಮಟ್ಟದವರೆಗೆ 5 ಅಡಿಯೇ. ಹತ್ತಿರದಲ್ಲೂ 5, ದೂರದಲ್ಲೂ 5. ಏಳೂವರೆ ಅಡಿ ಕಂಬ ಬೇಕಾ? ಬುಡದಿಂದ ಕಣ್ಣಿನ ಮಟ್ಟಕ್ಕೆ ಇರುವಷ್ಟರ ಒಂದೂವರೆ ಪಟ್ಟು. ಮಾಡಿನ ನೆತ್ತಿ 15 ಅಡಿ ಇದ್ದರೆ ಮೂರು ಪಟ್ಟು. ಕೆಳಕ್ಕೂ ಇದೇ ಲೆಕ್ಕ. ತೊಟ್ಟಿ ಜಗಲಿಗಿಂತ ಒಂದೂವರೆ ಅಡಿ ತಗ್ಗು ಅಂದರೆ, ಅದರೊಳಗೆ ನಿಂತ ಐದೂವರೆ ಅಡಿಯ ಮನುಷ್ಯನ ನೆತ್ತಿ ಕಣ್ಣಿನ ಮಟ್ಟಕ್ಕಿಂತ ಒಂದಡಿ ಕೆಳಗೆ ಬರಬೇಕು. ಅದನ್ನು ಸರಿಯಾಗಿ ಹಾಕಿದ ಕ್ಷಣವೇ ತೊಟ್ಟಿ ತಗ್ಗಿಗೆ ಇಳಿದು ಕೂರುತ್ತದೆ. ನೆರಳು, ಬಣ್ಣ ಯಾವುದೂ ಬೇಕಾಗಲ್ಲ.

ಓರೆ ಮಾಡಿಗೂ ಹೆದರಬೇಕಿಲ್ಲ. ಸೂರಿನ ಗೆರೆ ನಕ್ಷೆಯಲ್ಲಿ ಎಲ್ಲಿದೆಯೋ ಅಲ್ಲಿಂದ ಏಳೂವರೆ ಅಡಿ ಎತ್ತಿ, ನೆತ್ತಿಯ ಗೆರೆ ಎಲ್ಲಿದೆಯೋ ಅಲ್ಲಿಂದ 15 ಅಡಿ ಎತ್ತಿ, ಎರಡನ್ನೂ ಸೇರಿಸಿದರೆ ಇಳಿಜಾರು ಬಂತು. ಎರಡು ಮಾಡುಗಳು ಮೂಲೆಯಲ್ಲಿ ಸೇರುವ ಗೆರೆ ಇದೆಯಲ್ಲ, ಮಳೆನೀರೆಲ್ಲ ಒಟ್ಟಾಗಿ ಧುಮುಕೋದು ಅಲ್ಲೇ, ಅದು ನಕ್ಷೆಯಲ್ಲಿ ಚೌಕದ ಕರ್ಣವೇ. ಎರಡೂ ಮಾಡಿನ ಓರೆ ಒಂದೇ ಸಮ ಇರಬೇಕು, ಅಷ್ಟೇ.

ಹಂಡೆ, ಕಡಾಯಿಯಂಥ ದುಂಡಗಿನವಕ್ಕೆ ಮೊದಲು ಚೌಕ, ಆಮೇಲೆ ಅದರೊಳಗೆ ನಾಲ್ಕೂ ಬದಿಯ ಮಧ್ಯಕ್ಕೆ ತಾಗುವ ಮೊಟ್ಟೆಯಾಕಾರವಲ್ಲದ, ಎರಡೂ ತುದಿ ಸಮ ಇರುವ ದೀರ್ಘವೃತ್ತ. ಕೈ ಪಳಗಿದರೆ ಬರುತ್ತದೆ, ಹೆಚ್ಚೇನಿಲ್ಲ.

ಕ್ರೀಟಾ, ಪ್ರೊಕ್ರಿಯೇಟ್‌ನಂಥ ಆ್ಯಪ್‌ಗಳಲ್ಲಿ ಪರ್ಸ್ಪೆಕ್ಟಿವ್ ಗೆರೆಗಳು ತಾವೇ ಬರುತ್ತವಲ್ಲ, ಇಷ್ಟೆಲ್ಲ ಯಾಕೆ ಅಂತ ಕೇಳುತ್ತಾರೆ. ಬರುತ್ತವೆ, ನಾನೂ ಬಳಸುತ್ತೇನೆ. ಆದರೆ ಕಂಬ ಎಲ್ಲಿ ನಿಲ್ಲಬೇಕು, ಎಷ್ಟು ಎತ್ತರ ಅನ್ನೋದನ್ನು ಆ್ಯಪ್ ಹೇಳಲ್ಲ. ಹಾಗಂತ ಪರ್ಸ್ಪೆಕ್ಟಿವ್ ಇಲ್ಲದ ಚಿತ್ರ ಕಡಿಮೆಯದು ಅಂತಲೂ ಅಲ್ಲ. ಮೈಸೂರು ಶೈಲಿಯ ಚಿತ್ರಗಳಲ್ಲಿ ದೇವರು ದೊಡ್ಡದಾಗಿರೋದು ಹತ್ತಿರ ಇದ್ದದ್ದಕ್ಕಲ್ಲ, ದೇವರಾದದ್ದಕ್ಕೆ.

ನನಗೆ ನಿಜವಾಗಿ ಕೈ ಕೂಡಿಸಿದ ಅಭ್ಯಾಸ ಬೇರೆ. ನೆಂಟರ ಮನೆಗೋ ದೇವಸ್ಥಾನಕ್ಕೋ ಹೋದಾಗ ಕೂತು ಒಂದು ಚಿತ್ರ ಬಿಡಿಸುತ್ತೇನೆ, ಹೆಜ್ಜೆಯಲ್ಲಿ ಅಳೆದು ನಕ್ಷೆಯನ್ನೂ ಗೀಚಿಕೊಳ್ಳುತ್ತೇನೆ. ಮನೆಗೆ ಬಂದು ಅದೇ ಜಾಗವನ್ನು ಎದುರು ಮೂಲೆಯಿಂದ ಬಿಡಿಸುತ್ತೇನೆ. ಆಮೇಲೆ ಅಟ್ಟದ ಮೇಲಿಂದ ಬಗ್ಗಿ ನೋಡಿದ ಹಾಗೆ. ಆಗ ಕಣ್ಣಿನ ಮಟ್ಟ ಜಗಲಿಯಿಂದ 13 ಅಡಿ, ಕಂಬದ ಲೆಕ್ಕವೆಲ್ಲ ಹೊಸದು. ಮೊದಲ ಸಲ ಸ್ಕೇಲ್ ಹಿಡಿದು ಮಾಡಿ, ಎರಡನೇ ಸಲ ಬರಿಗೈಯಲ್ಲಿ. ಬರಿಗೈಯದ್ದರಲ್ಲಿ ಗೆರೆ ಸ್ವಲ್ಪ ಆಚೀಚೆ ಆದರೂ ಮನೆ ನಿಂತಿರುತ್ತದೆ.