ಇಟ್ಟಿಗೆ ಒಡೆಯದೆ ಗೋಡೆ ಕಟ್ಟಿದ್ದು

ಸ್ವೀಡನ್ನಿನ ಮಾಲ್ಮೋ ನಗರದ ಪೂರ್ವ ಸ್ಮಶಾನದ ಬಳಿ ಒಂದು ಹೂವಿನ ಅಂಗಡಿ ಇದೆ. ಬರಿಯ ಕಾಂಕ್ರೀಟ್ ಗೋಡೆ, ಒಂದೇ ಕಡೆಗೆ ಇಳಿಜಾರಾದ ತಾಮ್ರದ ಮಾಡು. ಕಿಟಕಿಗೆ ಚೌಕಟ್ಟೆಂಬುದೇ ಇಲ್ಲ, ಗೋಡೆಯಲ್ಲಿ ಬಿಟ್ಟ ಕಂಡಿಗಿಂತ ದೊಡ್ಡದಾದ ಗಾಜನ್ನು ಹೊರಗಿನಿಂದ ಮುಚ್ಚಳದಂತೆ ಒತ್ತಿ, ಲೋಹದ ಹಿಡಿಕೆಗಳಿಂದ ನಿಲ್ಲಿಸಲಾಗಿದೆ. ಈ ನಗರದ ಕಟ್ಟಡ ವಿನ್ಯಾಸದ ಕಚೇರಿಯೊಂದಕ್ಕೆ ಕೆಲಸಕ್ಕೆ ಬಂದ ಹೊಸದರಲ್ಲಿ ಅದನ್ನು ನೋಡಿ, ಹಣ ಸಾಲದೆ ಅರ್ಧಕ್ಕೇ ಬಿಟ್ಟಿದ್ದಾರೇನೋ ಎಂದುಕೊಂಡಿದ್ದೆ. 1969ರಲ್ಲಿ ಅದನ್ನು ರೂಪಿಸಿದ ಸಿಗುರ್ಡ್ ಲೆವೆರೆಂಟ್ಸ್ ಆಗ ಎಂಬತ್ತು ದಾಟಿದ್ದರೆಂದೂ, ಇದೇ ಸ್ಮಶಾನದ ವಿನ್ಯಾಸದ ಸ್ಪರ್ಧೆಯನ್ನು 1916ರಲ್ಲಿ ಗೆದ್ದು ಅಂದಿನಿಂದ ಇದರ ಕೆಲಸವನ್ನು ಕೈಬಿಟ್ಟಿರಲಿಲ್ಲವೆಂದೂ ತಿಳಿದದ್ದು ಆಮೇಲೆ.

ಅವರ ಕೆಲಸವನ್ನು ಪೂರ್ತಿಯಾಗಿ ನೋಡಬೇಕೆಂದು ಒಂದು ಶನಿವಾರ ಕ್ಲಿಪ್ಪಾನ್ ಎಂಬ ಸಣ್ಣ ಊರಿಗೆ ಹೋದೆ. ಅಲ್ಲಿನ ಸೇಂಟ್ ಪೀಟರ್ ಚರ್ಚು 1966ರಲ್ಲಿ ಮುಗಿಯಿತು. ಒಳಗೆ ಕಾಲಿಟ್ಟ ಮೊದಲ ಕೆಲವು ನಿಮಿಷ ಕಣ್ಣಿಗೆ ಕತ್ತಲೆಯಲ್ಲದೆ ಬೇರೇನೂ ಕಾಣುವುದಿಲ್ಲ. ಆಮೇಲೆ ಒಂದೊಂದಾಗಿ ತೋರುತ್ತವೆ: ಕಪ್ಪುಗೆಂಪಾಗಿ ಬೆಂದ ಹೆಲ್ಸಿಂಗ್‌ಬೋರ್ಗ್ ಇಟ್ಟಿಗೆಯ ಗೋಡೆ, ಅದೇ ಇಟ್ಟಿಗೆಯ ನೆಲ, ಅದೇ ಇಟ್ಟಿಗೆಯ ಕಮಾನು ಚಾವಣಿ, ಮತ್ತು ಆ ಚಾವಣಿಯನ್ನು ಹೊತ್ತು ನಿಂತಿರುವ, ಇಂಗ್ಲಿಷಿನ ಟಿ ಅಕ್ಷರದ ಆಕಾರದ ಒಂದು ಉಕ್ಕಿನ ಕಂಬ. ದೀಕ್ಷಾಸ್ನಾನದ ಜಾಗದಲ್ಲಿ ಒಂದು ದೊಡ್ಡ ಕಡಲ ಚಿಪ್ಪಿನಿಂದ ನೀರು ನೆಲದ ಸೀಳಿಗೆ ತೊಟ್ಟಿಕ್ಕುತ್ತಿರುತ್ತದೆ. ಆ ಸದ್ದೊಂದನ್ನು ಬಿಟ್ಟರೆ ಮೌನ. ಈ ಕಟ್ಟಡಕ್ಕೆ ಅವರು ಹಾಕಿಕೊಂಡಿದ್ದ ನಿಯಮ ಒಂದೇ, ಯಾವ ಇಟ್ಟಿಗೆಯನ್ನೂ ಒಡೆಯಬಾರದು ಎಂಬುದು. ಹಾಗಾಗಿ ಸಂದುಗಳು ಒಂದು ಕಡೆ ಬೆರಳಗಲವಿದ್ದರೆ ಇನ್ನೊಂದು ಕಡೆ ಎರಡು ಮೂರು ಬೆರಳಗಲವಿವೆ, ಗಾರೆಯನ್ನು ಇಟ್ಟಿಗೆಯ ಮುಖದ ಮಟ್ಟಕ್ಕೇ ಒರೆಸಿಬಿಟ್ಟಿದ್ದಾರೆ.

ನಾನು ಗಾರೆ ಮೇಸ್ತ್ರಿಯ ಮಗಳು. ಹಾಸನದ ಕಡೆಯ ನಮ್ಮೂರಿನಲ್ಲಿ ಅಪ್ಪ ಕರಣೆಯ ಅಂಚಿನಿಂದ ಒಂದೇ ಏಟಿಗೆ ಇಟ್ಟಿಗೆಯನ್ನು ಸರಿಯಾಗಿ ಎರಡು ಮಾಡುವುದನ್ನು ನೋಡುತ್ತ ಬೆಳೆದವಳು. ಮೇಸ್ತ್ರಿಯ ಕೈ ಎಂಥದೆಂದು ಊರಿನವರು ಅಳೆಯುತ್ತಿದ್ದುದು ಆ ಏಟಿನಿಂದಲೇ. ಕ್ಲಿಪ್ಪಾನಿನಿಂದ ಬಂದ ರಾತ್ರಿ ಫೋನಿನಲ್ಲಿ ಈ ನಿಯಮವನ್ನು ಹೇಳಿದಾಗ ಅಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದು, "ಅರ್ಧ ಇಟ್ಟಿಗೆ ಇಲ್ದೆ ಬಾಗಿಲ ಪಕ್ಕ ಹೆಂಗವ್ವ ಮುಗಿಸ್ತೀಯ?" ಎಂದರು. ನನ್ನಲ್ಲಿ ಉತ್ತರವಿರಲಿಲ್ಲ. ಅದನ್ನು ಕಂಡುಕೊಳ್ಳಲೆಂದೇ ಮುಂದಿನ ಮೇ ತಿಂಗಳಲ್ಲಿ, ಹಿಮದ ಭಯ ಕಳೆದ ಮೇಲೆ, ಹಿತ್ತಲಿನಲ್ಲಿ ತೋಟದ ಸಾಮಾನಿಡುವ ಸಣ್ಣ ಕೋಣೆಯೊಂದನ್ನು ಅದೇ ನಿಯಮದಂತೆ ಕಟ್ಟಲು ಹೊರಟೆ.

ಮೊದಲು ಸೋತದ್ದು ನನ್ನ ನಕ್ಷೆ. ಉದ್ದದ ಗೋಡೆ 2,400 ಮಿಲಿಮೀಟರ್ ಎಂದು ಬರೆದಿದ್ದೆ. ನಾನು ತರಿಸಿದ್ದು ಸ್ವೀಡನ್ನಿನ ಮಾಮೂಲಿ ಅಳತೆಯ ಇಟ್ಟಿಗೆ, 250 ಉದ್ದ, 120 ಅಗಲ, 62 ಎತ್ತರ. ಗಾರೆಯಿಲ್ಲದೆ ನೆಲದ ಮೇಲೆ ಒಂದು ವರಸೆ ಜೋಡಿಸಿ ನೋಡಿದರೆ, 25 ಮಿಲಿಮೀಟರಿನ ಸಂದು ಬಿಟ್ಟು ಎಂಟು ಪೂರ್ತಿ ಇಟ್ಟಿಗೆ, ಮೂಲೆಯಲ್ಲಿ ತಿರುಗುವ ಗೋಡೆಯ ಒಂದು ಇಟ್ಟಿಗೆಯ ಅಗಲ, ಒಟ್ಟು 2,320ಕ್ಕೆ ಮುಗಿಯಿತು. ಉಳಿದ 80 ಮಿಲಿಮೀಟರನ್ನು ತುಂಬಲು ಇಟ್ಟಿಗೆ ಒಡೆಯಬೇಕು, ಇಲ್ಲವೇ ಕೋಣೆಯನ್ನೇ ಚಿಕ್ಕದು ಮಾಡಬೇಕು. ಕೋಣೆಯನ್ನು ಚಿಕ್ಕದು ಮಾಡಿದೆ. ವರ್ಷಗಟ್ಟಲೆ ಕಂಪ್ಯೂಟರಿನ ಮುಂದೆ ಕುಳಿತು ಅಳತೆಯನ್ನು ಮೊದಲು ನಿರ್ಧರಿಸಿ, ಸಾಮಾನನ್ನು ಅದಕ್ಕೆ ಬಗ್ಗಿಸುತ್ತ ಬಂದಿದ್ದ ನನಗೆ ಇದು ತಲೆಕೆಳಗಾದ ಲೆಕ್ಕ. ಎಂಬತ್ತರ ಹೊಸ್ತಿಲಲ್ಲಿದ್ದ ಲೆವೆರೆಂಟ್ಸ್ ಕ್ಲಿಪ್ಪಾನಿನ ಕೆಲಸದ ಜಾಗಕ್ಕೆ ಮತ್ತೆ ಮತ್ತೆ ಬಂದು ಗಾರೆಯವರ ಪಕ್ಕದಲ್ಲಿ ನಿಲ್ಲುತ್ತಿದ್ದುದು ಏಕೆಂದು ಆಗ ಅರ್ಥವಾಯಿತು: ಒಡೆಯದ ಇಟ್ಟಿಗೆಯ ಗೋಡೆಯಲ್ಲಿ ತಪ್ಪೆಲ್ಲ ಸಂದಿಗೆ ಹೋಗುತ್ತದೆ, ಯಾವ ಸಂದಿಗೆ ಎಷ್ಟು ಎಂಬುದನ್ನು ಅಲ್ಲೇ ನಿಂತು ಹೇಳಬೇಕಾಗುತ್ತದೆ.

ಎರಡನೆಯದಾಗಿ ಸೋತದ್ದು ಗಾರೆ. ಮಾಮೂಲಿ ಹದಕ್ಕೆ ಕಲಸಿದ ಗಾರೆ 25 ಮಿಲಿಮೀಟರ್ ದಪ್ಪದಲ್ಲಿ ನಿಲ್ಲಲಿಲ್ಲ. ಐದನೆಯ ವರಸೆ ಇಡುವಾಗ ಕೆಳಗಿನ ಎರಡು ವರಸೆಗಳು ಕುಸಿದು, ಗಾರೆ ಹೊರಕ್ಕೆ ಉಬ್ಬಿ, ರಸಮಟ್ಟದ ಗುಳ್ಳೆ ಒಂದು ಕಡೆಗೆ ಓಡಿತು. ಒಂದು ದಿನದ ಕೆಲಸವನ್ನು ಬಿಚ್ಚಿ, ಇಟ್ಟಿಗೆಗಳನ್ನು ತೊಳೆದಿಟ್ಟೆ. ಆಮೇಲೆ ದಪ್ಪ ಮರಳು ಹಾಕಿ, ನೀರು ಕಡಿಮೆ ಮಾಡಿ, ಒಂದು ಪಾಲು ಸಿಮೆಂಟು, ಒಂದು ಪಾಲು ಸುಣ್ಣ, ಆರು ಪಾಲು ಮರಳಿನಂತೆ ಗಟ್ಟಿಯಾಗಿ ಕಲಸಿ, ದಿನಕ್ಕೆ ನಾಲ್ಕೇ ವರಸೆ ಎಂದು ಮಿತಿ ಹಾಕಿಕೊಂಡೆ. ಸುಮಾರು 700 ಇಟ್ಟಿಗೆಯ ಕೆಲಸಕ್ಕೆ ವಾರಾಂತ್ಯಗಳೇ ಸಿಕ್ಕಿದ್ದರಿಂದ ಬೇಸಗೆಯೆಲ್ಲ ಹಿಡಿಯಿತು.

ಆ ಸಂಜೆಗಳಲ್ಲಿ ಲೆವೆರೆಂಟ್ಸ್ ಅವರ ಬದುಕಿನ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಿದೆ. ಅವರೇ ಬರೆದದ್ದು ಇಲ್ಲವೆನ್ನುವಷ್ಟು ಕಡಿಮೆ. 1885ರಲ್ಲಿ ಹುಟ್ಟಿ, ಗೋಥೆನ್‌ಬರ್ಗಿನ ಚಾಲ್ಮರ್ಸ್‌ನಲ್ಲಿ ಎಂಜಿನಿಯರಿಂಗ್ ಓದಿದವರು. 1915ರಲ್ಲಿ ಗುನ್ನಾರ್ ಆಸ್ಪ್ಲುಂಡ್ ಜೊತೆಗೂಡಿ ಸ್ಟಾಕ್‌ಹೋಮಿನ ಕಾಡಿನ ಸ್ಮಶಾನದ ಸ್ಪರ್ಧೆ ಗೆದ್ದರು. ಇಂದು ಅದು ಯುನೆಸ್ಕೋ ವಿಶ್ವ ಪರಂಪರೆಯ ತಾಣ. ಆದರೆ 1930ರ ದಶಕದಲ್ಲಿ ಅಲ್ಲಿನ ಚಿತಾಗಾರದ ಕೆಲಸ ಆಸ್ಪ್ಲುಂಡ್ ಒಬ್ಬರಿಗೇ ಹೋಯಿತು. ಇಪ್ಪತ್ತು ವರ್ಷ ಆ ಜಾಗವನ್ನು ರೂಪಿಸಿದ ಲೆವೆರೆಂಟ್ಸ್ ಹೊರಗುಳಿದರು. 1940ರಲ್ಲಿ ಚಿತಾಗಾರ ಮುಗಿಯಿತು, ಅದೇ ವರ್ಷ ಆಸ್ಪ್ಲುಂಡ್ ತೀರಿಕೊಂಡರು. ಲೆವೆರೆಂಟ್ಸ್ ಎಸ್ಕಿಲ್‌ಸ್ಟುನಾದಲ್ಲಿ ತಮ್ಮದೇ ಕಾರ್ಖಾನೆಯಲ್ಲಿ ಲೋಹದ ಕಿಟಕಿ ಬಾಗಿಲುಗಳನ್ನು ಮಾಡಿಸುತ್ತ ವರ್ಷಗಳನ್ನು ಕಳೆದರು. ಎಪ್ಪತ್ತು ದಾಟಿದ ಮೇಲೆ ಸ್ಟಾಕ್‌ಹೋಮಿನ ಬ್ಯೋರ್ಕ್‌ಹಾಗೆನ್‌ನ ಸೇಂಟ್ ಮಾರ್ಕ್ ಚರ್ಚು, ಆಮೇಲೆ ಕ್ಲಿಪ್ಪಾನ್. ಕಿಟಕಿಯ ಚೌಕಟ್ಟನ್ನು ಅಷ್ಟು ಕಾಲ ತಯಾರಿಸಿದವರೇ ಕೊನೆಗೆ ಅದನ್ನು ಕಿತ್ತೆಸೆದರೆಂಬುದು ನನಗೆ ಸಿಟ್ಟಿನ ಕೆಲಸವಾಗಿ ತೋರುವುದಿಲ್ಲ. ಚೌಕಟ್ಟಿಲ್ಲದೆ ಎಲ್ಲಿ ನಡೆಯುತ್ತದೆಂದು ಅವರಷ್ಟು ಚೆನ್ನಾಗಿ ತಿಳಿದವರು ಇರಲಿಕ್ಕಿಲ್ಲ.

ಅಪ್ಪನ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ಜುಲೈಯಲ್ಲಿ. ಬಾಗಿಲ ಪಕ್ಕದಲ್ಲಿ ಒಂದು ವರಸೆ ಬಿಟ್ಟು ಒಂದು ವರಸೆಗೆ ಅರ್ಧ ಇಟ್ಟಿಗೆ ಬೇಕು. ಅಲ್ಲಿ ಪೂರ್ತಿ ಇಟ್ಟಿಗೆಯನ್ನು ಗೋಡೆಗೆ ಅಡ್ಡಲಾಗಿ ತಿರುಗಿಸಿಟ್ಟೆ. ಹೊರಗೆ ಅದರ 120ರ ಮುಖವಷ್ಟೇ ಕಾಣುತ್ತದೆ, ಅಂದರೆ ನೋಡುವವರಿಗೆ ಅರ್ಧ ಇಟ್ಟಿಗೆಯೇ. ಮಿಕ್ಕ 130 ಒಳಗೆ ಚಾಚಿರುತ್ತದೆ. ನಡುವಿನ ವರಸೆಗಳಲ್ಲೂ ಒಳಗಡೆ ಒಂದೊಂದು ಇಟ್ಟಿಗೆಯನ್ನು ಸೇರಿಸಿದಾಗ ಅದು ಸಣ್ಣ ಕಂಬವಾಗಿ, ತೆಳುವಾದ ಗೋಡೆಗೆ ಬೇಕಾಗಿದ್ದ ಬಲವೂ ಬಂತು. ಫೋಟೋ ನೋಡಿದ ಅಪ್ಪ ಸಂದುಗಳ ಬಗ್ಗೆ ಒಳ್ಳೆಯ ಮಾತಾಡಲಿಲ್ಲ, ಗಾರೆ ದಂಡವೆಂದರು. ಕಂಬವನ್ನು ಮಾತ್ರ ಒಪ್ಪಿದರು.

ಗಾಜಿನದು ಇನ್ನೂ ಮುಗಿದಿಲ್ಲ. 600ಕ್ಕೆ 400ರ ಕಂಡಿಗೆ ಎಲ್ಲ ಕಡೆ 50 ಮಿಲಿಮೀಟರ್ ಹೆಚ್ಚಿರುವ ಗಾಜನ್ನು ಹೊರಗಿನಿಂದ ಅಂಟಿಸಿ, ನಾಲ್ಕು ಉಕ್ಕಿನ ಹಿಡಿಕೆ ಬಿಗಿದೆ. ಇಟ್ಟಿಗೆಯ ಮುಖ ಉಬ್ಬುತಗ್ಗಾಗಿದ್ದರಿಂದ ಮೇಲಿನ ಎಡಮೂಲೆಯಲ್ಲಿ ಅಂಟು ತೆಳುವಾಗಿ ಉಳಿದು, ಮೊದಲ ಗಾಳಿಮಳೆಗೇ ನೀರು ಒಳಗೆ ಜಿನುಗಿತು. ಆ ಮೂಲೆಯ ಸಂದುಗಳನ್ನು ಒರೆಸಿ ಸಮ ಮಾಡಿ, ಅಂಟನ್ನು 10 ಮಿಲಿಮೀಟರ್ ದಪ್ಪಕ್ಕೆ ಏರಿಸಿ ಕಳೆದ ವಾರ ಮತ್ತೆ ಕೂರಿಸಿದ್ದೇನೆ. ಅಂದಿನಿಂದ ಪಶ್ಚಿಮದ ಮಳೆ ಬಂದಿಲ್ಲ.